ಚರಂಡಿ ಪುಸ್ತಕದ ಹೆಂಗಸು

ಆ ಹೊಲಿಗೆ ಅಂಗಡಿಯ ಹಿಂದಿನ ಕೋಣೆಯಲ್ಲಿ ಮಿಷನ್ನಿನ ಸದ್ದಿಲ್ಲ. ಅಲ್ಲಿ ಕೂರುವವರೆಲ್ಲ ಕೈಹೊಲಿಗೆಯವರು: ಗುಂಡಿ ಹಚ್ಚುವವರು, ಗುಂಡಿ ತೂರುವ ಕಾಜಾ ಕಟ್ಟುವವರು, ಕೋಟಿಗೆ ಒಳಬಟ್ಟೆ ಕೂಡಿಸುವವರು. ಕೈಗೆ ಬಿಡುವಿಲ್ಲ, ಕಿವಿಗೆ ಕೆಲಸವಿಲ್ಲ. ಹೀಗಾಗಿ ಅಲ್ಲೊಂದು ಪದ್ಧತಿ ಬೆಳೆದುಬಂದಿತ್ತು. ಎಲ್ಲರೂ ಹೊಲಿಯುತ್ತಿದ್ದರೆ ಒಬ್ಬರು ಕುರ್ಚಿಯಲ್ಲಿ ಕೂತು ಗಟ್ಟಿಯಾಗಿ ಪುಸ್ತಕ ಓದಬೇಕು. ಆ ಒಬ್ಬರೇ ಓದಕ್ಕ.

ಓದಕ್ಕ ಹುಟ್ಟುತ್ತಲೇ ಪುಸ್ತಕ ಹಿಡಿದವಳೇನಲ್ಲ. ಅವಳು ಕಟ್ಟಿದ ಕಾಜಾ ನೋಡಿ ಗುಂಡಿಯೇ ನಾಚಬೇಕು, ಅಂಥ ಕೈ. ಆ ಕೈ ನಡುಗಲು ಶುರುವಾದ ಮೇಲೆ ಅಂಗಡಿಯ ಮಾಸ್ಟರು ಸೂಜಿ ಇಸಿದುಕೊಂಡು ಪುಸ್ತಕ ಕೊಟ್ಟಿದ್ದ. ಮಾಸ್ಟರು ಎಂದರೆ ಬಟ್ಟೆ ಕತ್ತರಿಸುವವನು, ಅಂಗಡಿಯ ಯಜಮಾನ, ಜೊತೆಗೆ ಅವಳ ತೀರಿಹೋದ ಗಂಡನ ತಮ್ಮ. ಮನೆಯಲ್ಲಿ ಅವನನ್ನು ‘ಏನೋ, ಬಾರೋ’ ಎಂದು ಗದರುತ್ತ ಬೆಳೆಸಿದವಳು ಅಂಗಡಿಯಲ್ಲಿ ಮಾತ್ರ ‘ಮಾಸ್ಟ್ರೇ’ ಎನ್ನುತ್ತಿದ್ದಳು. ಈ ಕುರ್ಚಿಯೂ ಹೋಯಿತೋ, ಅವಳಿಗೆ ಉಳಿಯುವುದು ಮನೆಯ ಕಿಟಕಿ ಮತ್ತು ‘ಅತ್ತೆ, ನೀವೇನೂ ಮಾಡ್ಬೇಡಿ, ಸುಮ್ನೆ ಕೂತಿರಿ’ ಎನ್ನುವ ಸೊಸೆ. ಸೊಸೆ ಒಳ್ಳೆಯವಳೇ. ಆದರೆ ಆ ಸುಮ್ಮನೆ ಕೂರುವುದಿದೆಯಲ್ಲ, ಅದನ್ನು ನೆನೆದರೇ ಓದಕ್ಕನ ಎದೆ ಒಣಗುತ್ತಿತ್ತು.

ಈಗ ಕುರ್ಚಿಗೇ ಸಂಚಕಾರ ಬಂದಿತ್ತು. ತಪ್ಪು ಪುಸ್ತಕಗಳದೇ, ಸುಳ್ಳೇಕೆ ಹೇಳಬೇಕು? ಕಣ್ಣೀರಿನ ಕಾದಂಬರಿ ಓದಿದಾಗ ಬಿಳಿ ರೇಷ್ಮೆಯ ತುಂಬ ಹನಿಹನಿ ಕಲೆ. ಪತ್ತೇದಾರಿ ಓದಿದಾಗ, ಕೊಲೆಗಾರ ಸಿಕ್ಕಿಬೀಳುವ ಹೊತ್ತಿಗೆ ಕಾಜಾದವಳು ಗಿರಾಕಿಯ ಕೋಟನ್ನು ತಾನು ತೊಟ್ಟ ಬಟ್ಟೆಗೇ ಸೇರಿಸಿ ಹೊಲಿದುಕೊಂಡಿದ್ದಳು, ಬಿಡಿಸುವಷ್ಟರಲ್ಲಿ ಸಾಕುಸಾಕಾಯಿತು. ಕಾದಂಬರಿಯ ಸಹವಾಸವೇ ಬೇಡವೆಂದು ಆರೋಗ್ಯದ ಪುಸ್ತಕ ಹಿಡಿದರೆ, ಪಿತ್ತಕೋಶದ ಅಧ್ಯಾಯ ಮುಗಿಯುವುದರೊಳಗೆ ಇಡೀ ಕೋಣೆ ಬಲಪಕ್ಕೆ ಒತ್ತಿಕೊಂಡು ನರಳುತ್ತಿತ್ತು. ಮೂಲೆಯಲ್ಲಿ ನಿಂತು ಬಟ್ಟೆ ತೀಡುವ ಇಸ್ತ್ರಿಯವನಂತೂ ಮನೆಗೇ ಹೊರಟುಬಿಟ್ಟ. ಮಾಸ್ಟರಿಗೆ ಮೊದಲೇ ಮೂಗಿನ ತುದಿಯಲ್ಲಿ ಸಿಟ್ಟು. ಪರದೆ ಸರಿಸಿ ಬಂದು ನಿಂತ.

“ಅತ್ತಿಗೆ, ಇನ್ನೊಂದೇ ಒಂದು ಪುಸ್ತಕ. ಅದ್ರಲ್ಲೂ ಕೆಲಸ ಕೆಟ್ಟರೆ ಈ ಕುರ್ಚಿ ಮೇಲೆ ರೇಡಿಯೋ ತಂದಿಡ್ತೀನಿ.”

ಅಂದು ಸಂಜೆ ಓದಕ್ಕ ಗ್ರಂಥಾಲಯಕ್ಕೆ ಹೋಗಿ, ಯಾರಿಗೂ ಏನೂ ಅನ್ನಿಸದಂಥ ಪುಸ್ತಕ ಬೇಕು ಎಂದಳು. ಅಲ್ಲಿನ ಮೇಡಂ ಕನ್ನಡಕ ತೆಗೆದು ಒರೆಸಿಕೊಂಡು ಇನ್ನೊಮ್ಮೆ ಕೇಳಿದರು. ಸಮುದ್ರಯಾನದ ಪುಸ್ತಕ ಕೊಟ್ಟರೆ, ಬೇಡ, ಎಲ್ಲರೂ ರಜೆ ಕೇಳುತ್ತಾರೆ ಎಂದಳು. ರಾಜಕಾರಣಿಯ ಜೀವನಚರಿತ್ರೆ ಕೊಟ್ಟರೆ, ಕೈಯಲ್ಲಿ ಕತ್ತರಿ ಇರುವವರ ಮುಂದೆ ಅದು ಬೇಡವೇ ಬೇಡ ಎಂದಳು. ಒಂದು ಪ್ರೇಮಕತೆಯನ್ನು ನಿಂತಲ್ಲೇ ಎರಡು ಪುಟ ಓದಿ, ಜೀವ ಚುರುಗುಟ್ಟಿದರೂ ವಾಪಸಿಟ್ಟಳು. ಕಡೆಗೆ ಮೂಲೆಯ ಕಪಾಟಿನಲ್ಲಿ ಸಿಕ್ಕಿದ್ದು ‘ನಗರಗಳ ಚರಂಡಿ ವ್ಯವಸ್ಥೆ: ಒಂದು ಅವಲೋಕನ’. ಯಾರೂ ಬಿಡಿಸದೆ ಹಾಳೆಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಓದಕ್ಕ ಅದನ್ನು ಕಣ್ಣಿಗೊತ್ತಿಕೊಂಡಳು.

ಮರುದಿನ ಇಳಿಜಾರಿನ ಲೆಕ್ಕಾಚಾರಕ್ಕೆ ಬರುವಷ್ಟರಲ್ಲಿ ಗುಂಡಿಯವರು ತೂಕಡಿಸತೊಡಗಿದರು. ಇಸ್ತ್ರಿಯವನ ರೆಪ್ಪೆ ಮುಚ್ಚುತ್ತಿತ್ತು. ಪೆಟ್ಟಿಗೆ ಮಾತ್ರ ಕೆಂಡದಂತೆ ಕಾದು, ಯಾರದೋ ಮದುವೆ ಕೋಟಿನ ಬೆನ್ನ ಮೇಲೆ ಕೂತಿತ್ತು. ಅತ್ತ ದರಿ, ಇತ್ತ ಪುಲಿ. ಓದಕ್ಕ ಪುಸ್ತಕದಿಂದ ಕಣ್ಣು ತೆಗೆಯದೆ, ದನಿಯನ್ನೂ ಬದಲಿಸದೆ ಓದುತ್ತ ಹೋದಳು: ಅಗೆಯುತ್ತ ಬಂದ ಎಂಜಿನಿಯರು ಒಂದು ಮನೆಯ ಮುಂದೆ ನಿಂತ. ನಕ್ಷೆಯ ಪ್ರಕಾರ ಚರಂಡಿ ಆ ಮನೆಯ ಅಡುಗೆಕೋಣೆಯ ನಡುವೆಯೇ ಹಾಯಬೇಕು. ಒಳಗಿದ್ದ ಹೆಂಗಸು, ಬೇಕಾದರೆ ನಿನ್ನ ನಕ್ಷೆ ತಿರುಗಲಿ, ನನ್ನ ಒಲೆ ತಿರುಗದು ಎಂದು ಬಾಗಿಲು ಹಾಕಿಕೊಂಡಳು.

ಇಸ್ತ್ರಿಯವನ ಕಣ್ಣು ತೆರೆಯಿತು. ಪೆಟ್ಟಿಗೆ ಮೇಲೆದ್ದಿತು.

ಅಲ್ಲಿಂದ ದಿನವೂ ಅರ್ಧ ಚರಂಡಿ, ಅರ್ಧ ಆ ಹೆಂಗಸು. ಅಳಿಸುವಷ್ಟಿಲ್ಲ, ಬೆಚ್ಚಿಸುವಷ್ಟಿಲ್ಲ, ಎಚ್ಚರ ತಪ್ಪದಿರುವಷ್ಟು ಮಾತ್ರ. ಕಾಜಾದವಳು ಹೆಂಗಸಿನ ಪಕ್ಷ ವಹಿಸಿ, ಎಂಜಿನಿಯರನ ಪಕ್ಷದ ಇಸ್ತ್ರಿಯವನ ಜೊತೆ ಮಾತು ಬಿಟ್ಟಳು. ಮಾತು ಬಿಟ್ಟಿದ್ದರಿಂದ ಕೆಲಸ ಇನ್ನೂ ಚೆನ್ನಾಗಿ ಸಾಗಿತು. ಪರದೆಯಾಚೆ ಆಗಾಗ ಮಾಸ್ಟರ ಚಪ್ಪಲಿ ಕಾಣುತ್ತಿತ್ತು. ಉಸ್ತುವಾರಿ ಮಾಡುತ್ತಿದ್ದಾನೆ ಎಂದುಕೊಂಡು ಓದಕ್ಕ ದನಿಯನ್ನು ಇನ್ನಷ್ಟು ಸಪ್ಪೆ ಮಾಡುತ್ತಿದ್ದಳು.

ಒಂದು ಸಂಜೆ ಎಂಜಿನಿಯರು ನಕ್ಷೆಯನ್ನು ಮಡಿಸಿ ಜೇಬಿಗಿಟ್ಟು, ಒಬ್ಬನೇ ಬಂದು ಆ ಬಾಗಿಲು ಬಡಿದ. ಅಲ್ಲಿಗೆ ಓದಕ್ಕ ಪುಸ್ತಕ ಮುಚ್ಚಿದಳು. ಬೆಳಿಗ್ಗೆ ಬಂದು ನೋಡಿದರೆ ಕುರ್ಚಿಯ ಮೇಲಿಟ್ಟಿದ್ದ ಪುಸ್ತಕ ಇಲ್ಲ. ಅದು ಮಾಸ್ಟರ ಕಂಕುಳಲ್ಲಿತ್ತು. ನಿದ್ದೆಗೆಟ್ಟು ಅವನ ಕಣ್ಣು ಊದಿಕೊಂಡಿತ್ತು.

“ಪೂರ್ತಿ ಓದ್ದೆ ಅತ್ತಿಗೆ. ಕೊಳವೆ ಇದೆ, ಇಟ್ಟಿಗೆ ಇದೆ. ಆ ಹೆಂಗಸು ಎಲ್ಲಿ?”

ಹಾಳೆ ಅಂಟಿಕೊಂಡಿರಬೇಕು ಎನ್ನೋಣವೇ ಎಂದು ಒಂದು ಗಳಿಗೆ ಅನ್ನಿಸಿತು. ಆದರೆ ಪೂರ್ತಿ ಓದಿ ಬಂದವನ ಮುಂದೆ ಸುಳ್ಳು ಹೇಳುವುದು ಕಷ್ಟ. “ಅವಳು ಪುಸ್ತಕದಲ್ಲಿಲ್ಲ ಮಾಸ್ಟ್ರೇ. ಇವರೆಲ್ಲ ತೂಕಡಿಸ್ತಿದ್ರು. ನಾನೇ ಕಟ್ಟಿದ್ದು.”

ಕೋಣೆಯಲ್ಲಿ ಸೂಜಿಗಳು ನಿಂತವು. ಕಾಜಾದವಳ ಮುಖ, ಒಡಹುಟ್ಟಿದವಳೇ ಕೈಕೊಟ್ಟಂತೆ ಬಾಡಿತು. ಓದಕ್ಕ ಮೆಲ್ಲಗೆ ಕನ್ನಡಕ ಮಡಿಸಿ ಚೀಲಕ್ಕೆ ಹಾಕಿಕೊಂಡಳು. ರೇಡಿಯೋ ಎಲ್ಲಿ ಇಟ್ಟರೆ ಚೆಂದ ಎಂದೂ ಯೋಚಿಸಿದಳು, ಪಾಪ.

ಮಾಸ್ಟರು ಮೇಜಿನ ಮೇಲೆ ಒಂದು ಕೋಟಿನ ಎರಡು ತೋಳುಗಳನ್ನು ಎಸೆದ. ಎಲ್ಲರೂ ಬಗ್ಗಿ ನೋಡಿದರು. ಎರಡೂ ಎಡಗೈಯವು. ಆ ಅಂಗಡಿಯಲ್ಲಿ ಬಟ್ಟೆಗೆ ಕತ್ತರಿ ಇಡುವವನು ಅವನೊಬ್ಬನೇ.

“ನಿನ್ನೆ ಅವನು ಬಾಗಿಲು ಬಡಿದ ಅಂದ್ರಲ್ಲ,” ಎಂದ ಮಾಸ್ಟರು, ಯಾರ ಮುಖವನ್ನೂ ನೋಡದೆ. “ಆಮೇಲೆ ನಾನು ಕತ್ತರಿಸಿದ್ದು ಇದು. ಅವಳು ಬಾಗಿಲು ತೆಗೆದಳಾ ಇಲ್ವಾ, ಅಷ್ಟು ಹೇಳಿಬಿಡಿ.”

ಓದಕ್ಕ ಅವನನ್ನೇ ನೋಡಿದಳು. ಚಿಕ್ಕಂದಿನಲ್ಲಿ ಊಟ ಬಿಟ್ಟು ಅವಳ ಕತೆ ಕೇಳುತ್ತಿದ್ದ ಅದೇ ಮೈದುನ ಅಲ್ಲಿ ನಿಂತಿದ್ದ.

“ಕೂತ್ಕೊಳ್ಳೋ,” ಎಂದಳು, ಎಲ್ಲರೆದುರಿಗೆ.

ಅವನು ಸ್ಟೂಲು ಎಳೆದುಕೊಂಡು ಕೂತ. ಅವಳು ಅಭ್ಯಾಸಬಲದಿಂದ ಪುಸ್ತಕಕ್ಕೆ ಕೈ ಚಾಚಿದಳು. ಅವನು ಕೊಡಲಿಲ್ಲ, ತನ್ನ ತೊಡೆಯ ಮೇಲೇ ಇಟ್ಟುಕೊಂಡ. ಖಾಲಿ ಕೈಗಳು ಮಡಿಲಲ್ಲಿ ತಮ್ಮಷ್ಟಕ್ಕೆ ನಡುಗುತ್ತಿದ್ದವು. ಯಾರೂ ಅವನ್ನು ನೋಡುತ್ತಿರಲಿಲ್ಲ, ಎಲ್ಲರ ಕಣ್ಣೂ ಅವಳ ಬಾಯಿಯ ಮೇಲಿತ್ತು.

“ತೆಗೆದಳು,” ಎಂದಳು ಓದಕ್ಕ. “ಆದ್ರೆ ಕೈಯಲ್ಲಿ ಸೌಟಿತ್ತು.”