ಅತಿಥಿ ಬಿಟ್ಟ ಬಾಣ

ವಿಮಾನ ನಗರದ ಬಿಲ್ಲುಗಾರಿಕೆ ಕ್ಲಬ್ಬಿನ ಸ್ಪರ್ಧೆಗೆ ಬಂದ ಮುಖ್ಯ ಅತಿಥಿಗೆ ಫೋಟೊದ ಅವಸರ. ಮೈದಾನ ನೋಡಿಕೊಳ್ಳುವ ಮುದುಕ ಸಿದ್ರಾಮಪ್ಪ ಇನ್ನೂ ಗುರಿಹಲಗೆಯಿಂದ ಬಾಣಗಳನ್ನು ಕೀಳುತ್ತಿದ್ದಾಗಲೇ ಅತಿಥಿ ಬಾಣ ಬಿಟ್ಟ. ಅದು ಮುದುಕನ ಕಿವಿಯ ಪಕ್ಕದಲ್ಲೇ ಹಾದುಹೋಯಿತು. ಜನ ಚಪ್ಪಾಳೆ ತಟ್ಟಿದರು!

ಮಕ್ಕಳಿಗೆ ಬಿಲ್ಲು ಹಿಡಿಯಲು ಕಲಿಸುವ ಶೀತಲ್‌ಗೆ ಮೈಯೆಲ್ಲ ಉರಿದುಹೋಯಿತು. ಓಡಿಬಂದವಳೇ ಅತಿಥಿಯ ಕೈಯಿಂದ ಬಿಲ್ಲು ಕಿತ್ತುಕೊಂಡಳು.

"ಶೀತಲ್, ಸಾಹೇಬ್ರಿಗೆ ಮಾಫಿ ಕೇಳು," ಎಂದು ಕ್ಲಬ್ಬಿನ ಕಾರ್ಯದರ್ಶಿ ಶಿವರಾಜ ಗದರಿದ.

"ನಾ ಯಾಕ ಕೇಳ್ಲಿರಿ? ಕಾಕಾನ ಜೀವಾ ಹೋಗ್ತಿತ್ತಲ್ರಿ! ಮೊದಲ ಇವರು ಕಾಕಾನ ಮುಂದ ಕೈ ಮುಗೀಲಿ."

ಅತಿಥಿ ಕೈ ಮುಗಿಯಲಿಲ್ಲ, ನಗುತ್ತ ಕಾರು ಹತ್ತಿದ. ಶಿವರಾಜ ಅಲ್ಲೇ ಅವಳನ್ನು ಕ್ಲಬ್ಬಿನಿಂದ ತೆಗೆದುಹಾಕಿದ.

"ಬಿಡವ್ವಾ, ನನಗ ಬಡೀಲಿಲ್ಲಲ್ಲ," ಎಂದ ಸಿದ್ರಾಮಪ್ಪ. ಆ ಮಾತಿಗೆ ಅವಳ ಸಿಟ್ಟು ಮತ್ತಷ್ಟು ಏರಿತು. ಅವನನ್ನು ಕರೆದುಕೊಂಡು ನೇರ ಪೊಲೀಸ್ ಠಾಣೆಗೆ ನಡೆದಳು.