ನೂರಾ ನಲವತ್ತೊಂದನೇ ಡಬ್ಬಿ

ಗೋವಾದ ವಾಸ್ಕೋದಲ್ಲಿ ಅಂಚೆ ಕಚೇರಿಯ ಗೋಡೆಯುದ್ದಕ್ಕೂ ಕಬ್ಬಿಣದ ಸಣ್ಣ ಸಣ್ಣ ಬಾಗಿಲುಗಳಿದ್ದವು. ಮಗಳ ಅರ್ಜಿಗೆ ಸ್ಟಾಂಪು ಕೊಳ್ಳಲು ಬಂದ ಸುಂದರವ್ವ ಅವುಗಳ ಮುಂದೆ ನಿಂತುಬಿಟ್ಟಳು. ಹಡಗು ಕಂಪನಿಯೊಂದರ ಜವಾನ ಕೀಲಿ ತಿರುವಿ ಒಂದು ಬಾಗಿಲು ತೆಗೆದ, ಕೈತುಂಬ ಕಾಗದ ಎತ್ತಿಕೊಂಡ, ಮುಚ್ಚಿದ. ಕೇಳಿದರೆ, ಬಾಡಿಗೆಯ ಡಬ್ಬಿ ಅಂದ. ಅವರ ಆಫೀಸು ಮೂರು ಸಲ ಜಾಗ ಬದಲಿಸಿತಂತೆ, ಡಬ್ಬಿಯ ನಂಬರು ಮಾತ್ರ ಅದೇ ಇದೆಯಂತೆ.

ಸುಂದರವ್ವನಿಗೆ ಅಷ್ಟು ಸಾಕಾಯಿತು. ಹೋದ ವರ್ಷ ಸರಕಾರದವರು ಕಡಲದಂಡೆಯ ಬಾಯ್ನಾದ ಮನೆಗಳನ್ನು ಕೆಡವಿದಾಗ ಅವಳ ಮನೆಯೂ, ಮನೆಯ ಮುಂದಿನ ಚಹಾದ ಅಂಗಡಿಯೂ ಹೋದವು. ಅದರ ಮರುತಿಂಗಳೇ ಹುಬ್ಬಳ್ಳಿಯ ನರ್ಸಿಂಗ್ ಶಾಲೆಯಿಂದ ಅಶ್ವಿನಿಗೆ ಸಂದರ್ಶನದ ಪತ್ರ ಬಂದಿತ್ತು. ಕೊಡಲು ಮನೆಯಿಲ್ಲದೆ ಅದು ತಿರುಗಿ ಹೋಯಿತು. ಫೋನು ಮಾಡಿ ಕೇಳುವ ಹೊತ್ತಿಗೆ ಸೀಟು ಬೇರೆಯವರ ಪಾಲಾಗಿತ್ತು. ಈಗ ತಾಯಿ ಮಗಳು ಪಕ್ಕದ ದಾಬೋಲಿಮ್‌ನಲ್ಲಿ ಕಟ್ಟಡದ ಕೆಲಸಕ್ಕಿದ್ದರು. ಕಟ್ಟಡ ಮುಗಿದರೆ ಇರುವ ಶೆಡ್ಡಿನ ತಗಡು ಬಿಚ್ಚಿ ಮುಂದಿನ ಕಟ್ಟಡಕ್ಕೆ ಹೋಗಬೇಕು. ಎಂಟು ತಿಂಗಳಲ್ಲಿ ಮೂರು ಕಡೆ ಆಗಿತ್ತು. ಅಶ್ವಿನಿ ಮತ್ತೆ ಅರ್ಜಿ ತುಂಬಿದ್ದಳು, ವಿಳಾಸದ ಜಾಗ ಮಾತ್ರ ಖಾಲಿ ಬಿಟ್ಟಿದ್ದಳು.

ಕೌಂಟರಿನಲ್ಲಿ ಕುಳಿತ ಗುಮಾಸ್ತೆ ಬಾಯಿ ಬೆಳಗಾವಿ ಕಡೆಯವಳು. ಡಬ್ಬಿ ಕೇಳಿದ ಸುಂದರವ್ವನ ರೇಶನ್ ಕಾರ್ಡನ್ನು ತಿರುವಿ ನೋಡಿದಳು.

“ಈಗ ಮನಿ ಎಲ್ಲೈತವಾ?”

“ಮನಿ ಇದ್ದಿದ್ದರ ಡಬ್ಬಿ ಯಾಕ ಕೇಳತಿದ್ನಿರಿ ಬಾಯಾರ?”

“ಹಂಗಲ್ಲ. ಫಾರಮಿನ್ಯಾಗ ವಿಳಾಸ ಬರೀಬೇಕು, ನಿನ್ನ ಗುರುತು ಹೇಳವ್ರು ಬೇಕು. ಈ ಕಾರ್ಡಿನ ಮನಿ ಬಿದ್ದೈತಿ.”

“ಮನಿ ಬಿದ್ದೈತ್ರಿ. ನಾ ನಿಂತೇನಲ್ರಿ.”

ನಗಬಾರದೆಂದುಕೊಂಡರೂ ಬಾಯಿ ನಕ್ಕುಬಿಟ್ಟಳು. ಗುರುತಿನವರನ್ನು ಕರೆದುಕೊಂಡು ಬಾ ಅಂದಳು. ಸುಂದರವ್ವ ಹೊರಗೆ ಹೋಗಲಿಲ್ಲ. ಪೋಸ್ಟಮನ್ ಗಾವಡೆ ಬಟವಾಡೆ ಮುಗಿಸಿ ಬರುವವರೆಗೆ ಬೆಂಚಿನ ಮೇಲೆ ಕುಳಿತಳು. ಒಂಬತ್ತು ವರ್ಷ ಅವನು ಇಡೀ ಓಣಿಯ ಕಾಗದಗಳನ್ನು ಕಟ್ಟು ಕಟ್ಟಾಗಿ ಅವಳ ಅಂಗಡಿಯ ಗಲ್ಲಾಪೆಟ್ಟಿಗೆಯ ಪಕ್ಕ ಇಟ್ಟು ಹೋಗಿದ್ದ. ಬಂದವನು ಇವಳನ್ನು ನೋಡಿ, ನಿನ್ನ ಚಹಾ ಹೋದಮೇಲೆ ನನ್ನ ಸೈಕಲ್ಲು ಬಾಯ್ನಾದ ಕಡೆ ತಿರುಗುವುದನ್ನೇ ಬಿಟ್ಟಿದೆ ಎಂದು ಹಿಂದಿಯಲ್ಲಿ ಚಾಷ್ಟಿ ಮಾಡಿದ. ಫಾರಮಿನ ಕೆಳಗೆ ಗುರುತಿನ ಸಹಿ ಹಾಕಿದ. ದಾಬೋಲಿಮ್‌ನ ಕಟ್ಟಡದ ವಿಳಾಸ ಬರೆದದ್ದಾಯಿತು. ಕುಟುಂಬದವರು ಎಂದಿದ್ದ ಕಡೆ ಅಶ್ವಿನಿಯ ಹೆಸರು ಸೇರಿತು.

“ಜಾಗಾ ಬದಲಾದ್ರ ಬಂದು ಹೇಳಬೇಕು,” ಅಂದಳು ಬಾಯಿ.

“ತಗಡ ಬಿಚ್ಚಿದ ದಿನಾನ ಬರ್ತೇನ್ರಿ.”

ಅಂದಿನಿಂದ ನೂರಾ ನಲವತ್ತೊಂದು ಅವರ ಡಬ್ಬಿಯಾಯಿತು. ಅಶ್ವಿನಿ ಅರ್ಜಿಯಲ್ಲಿ ಅದನ್ನೇ ಬರೆದು ಕಳಿಸಿದಳು.

ಆದರೆ ಬಾಯ್ನಾದ ರೂಢಿ ಜನರನ್ನು ಬಿಟ್ಟಿರಲಿಲ್ಲ. ಸುಂದರವ್ವನ ಅಂಗಡಿ ಎಂದರೆ ಎಲ್ಲರ ವಿಳಾಸ. ಹಾಗಾದರೆ ಸುಂದರವ್ವನ ಡಬ್ಬಿಯೂ ಎಲ್ಲರದೇ ಎಂದುಕೊಂಡರು. ಗೌಂಡಿ ಹುಲಿಗೆಪ್ಪ ಹೆಂಡತಿಗೆ ಆ ನಂಬರು ತಿಳಿಸಿದ. ಶೆಡ್ಡಿನ ಪಕ್ಕದ ಹಜರತಬಿ ಬಾದಾಮಿಯ ಅಕ್ಕನಿಗೆ ತಿಳಿಸಿದಳು. ಬೇರೆ ಕಟ್ಟಡದವರೂ ಕೇಳಿ ಬರೆದುಕೊಂಡರು. ಯಾರೂ ಇವಳನ್ನು ಕೇಳಲಿಲ್ಲ, ಕೇಳಬೇಕೆಂದು ಅವರಿಗೆ ಅನಿಸಲೂ ಇಲ್ಲ. ತಿಂಗಳೊಪ್ಪತ್ತಿನಲ್ಲಿ ಡಬ್ಬಿಯ ಬಾಗಿಲು ತೆಗೆದರೆ ಲಗ್ನಪತ್ರಿಕೆ, ಇನ್‌ಲ್ಯಾಂಡ್ ಪತ್ರ, ವಿಮೆಯ ಕಾಗದ ಎಲ್ಲ ಕಾಲ ಮೇಲೆ ಬೀಳತೊಡಗಿದವು. ಅಶ್ವಿನಿಯದು ಮಾತ್ರ ಬಂದಿರಲಿಲ್ಲ.

ಕೌಂಟರಿನ ಬಾಯಿ ಕರೆದಳು.

“ಸುಂದರವ್ವ, ಇದು ನಿನ್ನ ಅಂಗಡಿ ಅಲ್ಲ. ಡಬ್ಬಿ ನಿಂದು, ನಿನ್ನ ಮಗಳದು. ಮುಂದಿನ ಸೋಮವಾರದಿಂದ ಹೊರಗಿನವರ ಕಾಗದ ಬಂದ್ರ ಡಬ್ಬಿ ರದ್ದು.”

ರದ್ದಾದರೆ ಈ ವರ್ಷದ ಪತ್ರವೂ ಹುಬ್ಬಳ್ಳಿಗೆ ತಿರುಗಿ ಹೋಗುತ್ತದೆ. ಸುಂದರವ್ವ ಕೌಂಟರಿನ ಕಟ್ಟೆಗೆ ಎರಡೂ ಕೈ ಊರಿದಳು.

“ಡಬ್ಬಿ ಇಲ್ಲದವ್ರು ಏನ್ ಮಾಡಬೇಕ್ರಿ?”

“ಹೆಸರು ಬರೆದು ಪೋಸ್ಟ್ ಮಾಸ್ತರರ ಮಾರ್ಫತ್ ಅಂತ ಹಾಕಿಸ್ರಿ. ಎರಡು ವಾರ ಇಲ್ಲೇ ಇಟ್ಟಿರ್ತೇವಿ. ಅವರವರ ಬಂದು ಗುರುತು ತೋರಿಸಿ ಒಯ್ಯಬೇಕು.”

“ಇದನ್ನ ಮೊದಲ ಹೇಳಬಾರದಿತ್ರ್ಯಾ?”

“ನೀ ಡಬ್ಬಿ ಅಂದಿ, ಡಬ್ಬಿ ಕೊಟ್ನಿ.”

ಅಂದು ಬುಧವಾರ. ಭಾನುವಾರದವರೆಗೆ ಕಾಯದೆ, ಗುರುವಾರವೇ ಕೆಲಸ ಬಿಟ್ಟು ಅವಳು ಮಗಳೊಂದಿಗೆ ಹೊರಟಳು. ಒಂದೊಂದು ಕಟ್ಟಡದ ಮುಂದೆ ನಿಂತು ಹೇಳಿದಳು. ಅಶ್ವಿನಿ ಅವರವರ ಹೆಸರಿನ ಕೆಳಗೆ ಹೊಸ ವಿಳಾಸ ಬರೆದು ಚೀಟಿ ಕೊಟ್ಟಳು.

“ಏನ ಸುಂದರಕ್ಕ, ಕೀಲಿ ಸಿಕ್ಕ ಕೂಡ್ಲೆ ಸಾಹೇಬಳಾದಿ?” ಗೋಡೆಗೆ ಬಿದಿರು ಕಟ್ಟಿದ್ದ ಪರಂಚಿಯ ಮೇಲಿಂದ ಹುಲಿಗೆಪ್ಪ ಕೂಗಿದ.

“ಹೌದಪಾ, ಆದ್ನಿ. ಇನ್ನ ಹೆಂಡ್ತಿ ಕಾಗದ ನೀನ ಹೋಗಿ ತಗೊ. ಅಂಗಿ ತೊಟ್ಕೊಂಡು ಹೋಗು, ಹಿಂಗ ಹೋದ್ರ ಒಳಗ ಬಿಡೂದಿಲ್ಲ.”

ಕೆಳಗಿದ್ದವರು ನಕ್ಕರು. ಹಜರತಬಿ ನಗಲಿಲ್ಲ.

“ಅಕ್ಕಾ, ಚೀಟಿ ಊರು ಮುಟ್ಟಾಕ ನಾಕ ದಿನ ಬೇಕು. ಅಷ್ಟರಾಗ ಅವ್ರು ಹಳೇ ನಂಬರಿಗೇ ಹಾಕಿಬಿಟ್ರ?”

ಅದು ಖರೇ ಮಾತು. ಸುಂದರವ್ವ ಪರಂಚಿಯ ಕಡೆ ತಲೆಯೆತ್ತಿ ಕೂಗಿದಳು.

“ಹಂಗಾದ್ರ ಫೋನ್ ಹಚ್ಚೂಣು. ಎಲ್ಲಾರೂ ನಡೀರಿ.”

“ಈಗ? ಸಿಮೆಂಟ್ ಕಲಿಸೀವಲ್ಲ!” ಅಂದ ಹುಲಿಗೆಪ್ಪ.

“ಅದು ಮುಗಿಯೂಮಟ ನಾ ಇಲ್ಲೇ ಕುಂಡ್ರತೇನಿ.”

ನಿಜವಾಗಿಯೂ ಮರಳಿನ ಗುಂಪಿಯ ಮೇಲೆ ಕುಳಿತಳು. ಐದಕ್ಕೆ ಕೆಲಸ ಬಿಟ್ಟಾಗ ಹತ್ತು ಹನ್ನೆರಡು ಜನರನ್ನು ಮುಂದೆ ಮಾಡಿಕೊಂಡು ಎಸ್‌ಟಿಡಿ ಬೂತಿಗೆ ನಡೆದಳು. ಒಬ್ಬೊಬ್ಬರೂ ಊರಿನ ಕಿರಾಣಿ ಅಂಗಡಿಗೋ ಗಿರಣಿಗೋ ಫೋನು ಮಾಡಿ, ಡಬ್ಬಿಗೆ ಹಾಕಬೇಡ್ರಿ ಎಂದು ಕೂಗಿ ಹೇಳುವವರೆಗೆ ಬಾಗಿಲು ಬಿಟ್ಟು ಕದಲಲಿಲ್ಲ. ಉಳಿದ ಕಟ್ಟಡಗಳವರದು ಶುಕ್ರವಾರ, ಶನಿವಾರ ಆಯಿತು.

ಸೋಮವಾರ ಡಬ್ಬಿ ಖಾಲಿ. ಮಂಗಳವಾರವೂ ಖಾಲಿ. ಗುರುವಾರ ಒಂದೇ ಒಂದು ಕಂದು ಬಣ್ಣದ ಲಕೋಟೆ ಇತ್ತು. ಸುಂದರವ್ವ ಓದು ಬಾರದವಳು. ಅದನ್ನು ಒಡೆಯದೆ ಮಗಳ ಕೈಗಿಟ್ಟು, ಮೊದಲು ಹೆಸರು ಓದು ಅಂದಳು.

“ನಂದ ಐತಿ ಯವ್ವಾ.”

“ಪೂರಾ ಓದು.”

“ಅಶ್ವಿನಿ ಬಸಪ್ಪ ಹೊಸಮನಿ.” ಒಡೆದು ಓದಿದಳು. ಸಂದರ್ಶನ ಹದಿನೆಂಟನೇ ತಾರೀಖು, ಬೆಳಿಗ್ಗೆ ಹತ್ತು ಗಂಟೆಗೆ. “ಇನ್ನ ಹನ್ನೊಂದು ದಿನ ಐತಿ.”

“ಹನ್ನೊಂದ ಅಲ್ಲ, ಎಂಟು. ಮಳಿಗಾಲ, ಮೊಲೆಂ ದಾಟಿ ಘಾಟಿನ್ಯಾಗ ಗುಡ್ಡ ಕುಸಿದ್ರ ಬಸ್ಸು ನಿಂತುಬಿಡತಾವು. ಮೂರು ದಿನ ಮೊದಲ ಹೋಗಿ ಕುಂಡ್ರೂಣು.”

“ಮೂರು ದಿನ ಎಲ್ಲಿರೂದು ಯವ್ವಾ?”

“ಶಾಲಿ ಗೇಟಿನ ಮುಂದ,” ಅಂದ ಸುಂದರವ್ವ ಸೆರಗನ್ನು ತಲೆಯ ಮೇಲೆಳೆದುಕೊಂಡು, ಹುಬ್ಬಳ್ಳಿಯ ಟಿಕೀಟು ಕೇಳಲು ಬಸ್ ಸ್ಟ್ಯಾಂಡಿನ ಕಡೆ ಮಳೆಯಲ್ಲಿ ಇಳಿದಳು.