ಮುಟ್ಟಿದರೆ ಮಾತ್ರ ಕಬಡ್ಡಿ

ಸಿರವಾರದಿಂದ ನಾಲ್ಕು ಮೈಲಿ ದೂರದಲ್ಲಿ ಒಂದು ಊರಿದೆ. ಹೆಸರು ಹೇಳುವುದಿಲ್ಲ. ಈ ಕಥೆಯವರು ಇನ್ನೂ ಅಲ್ಲೇ ಬಾಳುತ್ತಿದ್ದಾರೆ. ಊರಿಗೂ ಕೇರಿಗೂ ನಡುವೆ ಒಂದು ಒಳ್ಳೆಯ ಬಯಲು. ಕಲ್ಲಿಲ್ಲ, ಮುಳ್ಳಿಲ್ಲ, ಹದವಾದ ಮಣ್ಣು. ಆಟಕ್ಕೆಂದೇ ಮಾಡಿಸಿದ ಹಾಗಿತ್ತು. ಆದರೆ 1974ರಿಂದ ಹನ್ನೊಂದು ವರ್ಷ ಅಲ್ಲಿ ಒಂದು ಮಗುವೂ ಕಾಲಿಡಲಿಲ್ಲ.

ಬಯಲಿನ ಪಡುವಣ ಅಂಚಿಗೆ ಒಂದು ಹಳೆಯ ಬಾವಿ. ಅದಕ್ಕೆ ಕಟ್ಟೆ ಇರಲಿಲ್ಲ. ಹೊತ್ತು ಇಳಿಯುವಾಗ ಅದರೊಳಗಿಂದ ಸದ್ದು ಬರುತ್ತದೆ ಎಂದು ಜನ ಹೇಳುತ್ತಿದ್ದರು. ಯಾರೋ ಒಂದೇ ಉಸಿರಿನಲ್ಲಿ "ಕಬಡ್ಡಿ, ಕಬಡ್ಡಿ, ಕಬಡ್ಡಿ" ಎನ್ನುವ ಸದ್ದು. ಆ ಉಸಿರು ಮುಗಿಯುವುದೇ ಇಲ್ಲ. ಕೇಳಿದವರು ಈಗ ನಿಂತೀತು, ಈಗ ನಿಂತೀತು ಎಂದು ಕಾಯುತ್ತ ನಿಲ್ಲುತ್ತಾರೆ. ಎದೆ ಬಿಗಿದಾಗಲೇ ತಿಳಿಯುವುದು, ತಾವೂ ಉಸಿರಾಡುತ್ತಿಲ್ಲ ಎಂದು.

ಹುಲ್ಲಿನ ಹೊರೆ ಹೊತ್ತ ಹೆಂಗಸರು ಬಯಲು ಬಿಟ್ಟು ಕಾಲುವೆ ದಾರಿ ಹಿಡಿದು ಸುತ್ತಿ ಬರುತ್ತಿದ್ದರು.

1985ರಲ್ಲಿ ಆ ಊರ ಶಾಲೆಗೆ ಆಟದ ಮಾಸ್ತರಾಗಿ ಮೀರಾಹುಸೇನ ಎಂಬವರು ಬಂದರು. ಮಾನ್ವಿಯವರು. ಎತ್ತರದ ಆಳು, ಕೊರಳಲ್ಲಿ ಸದಾ ಒಂದು ಸೀಟಿ. ದಸರೆಯ ಹೊತ್ತಿಗೆ ಮಾನ್ವಿಯಲ್ಲಿ ತಾಲೂಕು ಮಟ್ಟದ ಕಬಡ್ಡಿ ಇತ್ತು. ಈ ಊರಿಂದಲೂ ಒಂದು ತಂಡ ಕರೆದೊಯ್ಯಬೇಕೆಂದು ಅವರಿಗೆ ಆಸೆ. ಊರ ಹುಡುಗರು ಗುಡಿಯ ಮುಂದೆ ಆಡುತ್ತಿದ್ದರು, ಐದು ಜನ. ಕೇರಿಯ ಹುಡುಗರು ತಮ್ಮ ಕಣದಲ್ಲಿ ಆಡುತ್ತಿದ್ದರು, ನಾಲ್ಕು ಜನ. ಕಬಡ್ಡಿಗೆ ಏಳು ಜನ ಬೇಕು.

ಮಾಸ್ತರರು ಹಂಪಣ್ಣನ ಮನೆಗೆ ಹೋದರು. ಹಂಪಣ್ಣ ಊರ ಹಿರಿಯ ರೈತ. ಒಂದು ಕಾಲಕ್ಕೆ ಊರ ಕಬಡ್ಡಿ ತಂಡದ ನಾಯಕನೂ ಆಗಿದ್ದವನು.

"ಗೌಡ್ರ, ಎರಡೂ ಕಡಿ ಹುಡುಗುರ್ನ ಕೂಡಿಸಿ ಆ ಬಯಲಾಗ ಆಡಸೋಣ್ರಿ."

ಹಂಪಣ್ಣ ಅಡಿಕೆ ಕತ್ತರಿಸುವುದನ್ನು ನಿಲ್ಲಿಸಿದ. "ಮಾಸ್ತರ್ರ, ನೀವು ಹೊಸಬ್ರು. ಆ ಜಾಗ ಚಲೋ ಇಲ್ಲ. ಅಲ್ಲಿ ಒಬ್ಬಾಂವನ್ನ ಬಾವಿ ಎಳಕೊಂಡದ."

"ಬಾವಿ ಹ್ಯಾಂಗ ಎಳಕೊಂತದ್ರಿ?"

"ಎಳಕೊಂಡದ ಅಂದೆನಲ್ಲ." ಹಂಪಣ್ಣ ಎದ್ದು ಒಳಗೆ ಹೋಗಿಬಿಟ್ಟ.

ಅವನ ಹೆಂಡತಿ ಮಹಾಂತಮ್ಮ ಬಾಗಿಲಲ್ಲಿ ನಿಂತಿದ್ದಳು. ದನಿ ತಗ್ಗಿಸಿ ಹೇಳಿದಳು: "ಆ ಬಾವಿ ಮಾತು ತೆಗೀಬ್ಯಾಡ್ರಿ ಮಾಸ್ತರ್ರ. ಇವರು ನಿದ್ದಿಯೊಳಗ ಉಸುರು ಹಿಡಿತಾರ. ಮಾರಿ ಕಪ್ಪಿಡತದ. ನಾ ಎಬ್ಬಿಸಿದ್ರ ಬಲಗೈ ಮುಚ್ಚಿಕೊಂತಾರ. ಹನ್ನೊಂದು ವರ್ಷ ಆತು."

ಆ ಸಂಜೆಯೇ ಮಾಸ್ತರರು ಒಬ್ಬರೇ ಬಯಲಿಗೆ ಹೋದರು. ಸೂರ್ಯ ಬಾವಿಯ ಆಚೆ ಇಳಿಯುತ್ತಿದ್ದ. ಗಾಳಿ ಇರಲಿಲ್ಲ. ಹುಲ್ಲು ಕೂಡ ಅಲುಗುತ್ತಿರಲಿಲ್ಲ. ಸ್ವಲ್ಪ ಹೊತ್ತಿಗೆ ನೆಲದ ಕೆಳಗಿಂದ ಬಂದ ಹಾಗೆ ಸದ್ದು ಶುರುವಾಯಿತು. ತಗ್ಗಿದ ದನಿ. ಒಂದರ ಹಿಂದೊಂದು, ಬಿಡುವಿಲ್ಲದ ಹಾಗೆ. ಮಾಸ್ತರರು ಓದಿದವರು, ದೆವ್ವ ನಂಬದವರು. ಆದರೂ ಅವರ ಕಾಲು ಮುಂದೆ ಹೋಗಲಿಲ್ಲ. ಸೀಟಿ ಊದಿ ಆ ಸದ್ದನ್ನು ನಿಲ್ಲಿಸೋಣ ಎಂದು ಬಾಯಿಗಿಟ್ಟುಕೊಂಡರು. ಊದಲು ಉಸಿರೇ ಇರಲಿಲ್ಲ.

ಮರುದಿನ ಬೆಳಿಗ್ಗೆ ಬಿಸಿಲೇರಿದ ಮೇಲೆ ಹಗ್ಗ ಹಿಡಿದು ಬಾವಿಯೊಳಗೆ ಬಗ್ಗಿ ನೋಡಿದರು. ಒಳಗೋಡೆಯ ಕಲ್ಲುಗಳ ಸಂದಿನಲ್ಲಿ ನೂರಾರು ಪಾರಿವಾಳ. ಸಂಜೆ ಗೂಡಿಗೆ ಮರಳಿ ಎಲ್ಲವೂ ಒಟ್ಟಿಗೆ ಗುಟುರು ಹಾಕುತ್ತಿದ್ದವು. ಆಳವಾದ ಬಾವಿಯಲ್ಲಿ ಆ ದನಿ ಸುತ್ತಿ ಸುತ್ತಿ ಮೇಲೇರುತ್ತಿತ್ತು.

ಮಾಸ್ತರರಿಗೆ ಖುಷಿಯಾಯಿತು. ನೆಟ್ಟಗೆ ಕೇರಿಗೆ ನಡೆದರು. ಅಲ್ಲಿ ಗೋಪಮ್ಮ ಇದ್ದಳು. ಬಾವಿಗೆ ಬಿದ್ದು ಸತ್ತ ಸೂಗಪ್ಪ ಅವಳ ಹಿರಿಯ ಮಗ. ಕಿರಿಯವನು ಸುಂಕಪ್ಪ, ಸಿರವಾರದ ಅಕ್ಕಿ ಗಿರಣಿಯಲ್ಲಿ ಹಮಾಲಿ ಮಾಡುತ್ತಿದ್ದ. ಕೇರಿಯಲ್ಲಿ ಅವನಷ್ಟು ಚೆನ್ನಾಗಿ ಕಬಡ್ಡಿ ಆಡುವವರು ಇರಲಿಲ್ಲ.

"ಯವ್ವಾ, ಹೆದರಬ್ಯಾಡ. ದೆವ್ವ ಇಲ್ಲ, ಏನಿಲ್ಲ. ಪಾರಿವಾಳ ಅದಾವ ಅಷ್ಟ. ಸುಂಕಪ್ಪನ್ನ ಆಟಕ್ಕ ಕಳಸು."

ಗೋಪಮ್ಮ ಜೋಳ ಕೇರುತ್ತಿದ್ದಳು. ಮೊರ ಕೆಳಗಿಡಲಿಲ್ಲ.

"ಪಾರಿವಾಳ ಅಂತ ನನಗ ಗೊತ್ತದ ಮಾಸ್ತರ್ರ. ಮಗ ಸತ್ತ ಮರುದಿನದಿಂದ ದಿನಾ ಸಂಜಿಮುಂದ ಹೋಗಿ ಅಲ್ಲಿ ಕುಂತು ಬಂದೀನಿ. ನಿನ್ನಿ ನೀವು ಬಂದಾಗೂ ಬಾವಿ ಆಚಿ ಬದಿಗಿ ಕುಂತಿದ್ದೆ. ಪಾರಿವಾಳಕ್ಕ ನಾ ಹೆದರಂಗಿಲ್ಲ."

"ಮತ್ತ ಯಾಕ ಕಳಸಂಗಿಲ್ಲ?"

"ಆ ಸದ್ದಿಗಿ ಹಂಪಣ್ಣಗೌಡ್ರು ಯಾಕ ಹೆದರ್ತಾರ, ಅದನ್ನ ಕೇಳಿಕೊಂಡು ಬರ್ರಿ. ಆಮ್ಯಾಲ ಕಳಸತೀನಿ."

ಸುಂಕಪ್ಪ ತಲೆ ತಗ್ಗಿಸಿ ನಿಂತಿದ್ದ. ಮಾಸ್ತರರನ್ನು ದಾರಿಯವರೆಗೆ ಬಿಡಲು ಬಂದಾಗ ತನಗೆ ತಿಳಿದಷ್ಟು ಹೇಳಿದ. 1974ರಲ್ಲಿ ಊರ ತಂಡಕ್ಕೆ ಏಳನೆಯವನು ಸಿಗದೆ ಸೂಗಪ್ಪನನ್ನು ಕರೆದರು. ಒಂದು ಉಸಿರಿಗೆ ಬಯಲಿನ ಈ ತುದಿಯಿಂದ ಆ ತುದಿಗೆ ಹೋಗಿಬರುತ್ತಿದ್ದ ಹುಡುಗ. ಆದರೆ ಅಭ್ಯಾಸದಲ್ಲಿ ಅವನು ದಾಳಿಗೆ ಹೋದರೆ ಯಾರೂ ಅವನನ್ನು ಹಿಡಿಯುತ್ತಿರಲಿಲ್ಲ. ಮುಟ್ಟಬೇಕಾಗುತ್ತದಲ್ಲ! ಎಲ್ಲರೂ ಹಿಂದೆ ಹಿಂದೆ ಸರಿಯುತ್ತಿದ್ದರು. ಒಂದು ಸಂಜೆ ಹಾಗೆಯೇ ಸರಿಯುತ್ತ ಸರಿಯುತ್ತ ಗೆರೆ ದಾಟಿದರು. ಅವನು ಬೆನ್ನಟ್ಟಿದ. ಬಾವಿಯ ಅಂಚಿನ ಮಣ್ಣು ಕುಸಿಯಿತು. ಊರ ಬಾವಿಗಳಲ್ಲಿ ಕೇರಿಯ ಮಕ್ಕಳನ್ನು ಈಜಲು ಬಿಡುತ್ತಿರಲಿಲ್ಲ. ಅವನಿಗೆ ಈಜು ಬರುತ್ತಿರಲಿಲ್ಲ.

"ಆಮ್ಯಾಲ ಏನಾತು ಯಾರೂ ಹೇಳಂಗಿಲ್ರಿ ಸರ. ದೆವ್ವ ಎಳೀತು ಅಂತಾರ," ಎಂದ ಸುಂಕಪ್ಪ.

ಮಾಸ್ತರರು ಹಂಪಣ್ಣನಿಗೆ ಗೋಪಮ್ಮನ ಮಾತನ್ನು ಹಾಗೆಯೇ ತಲುಪಿಸಿದರು. ಅವನು ಎದ್ದು ಹೊಲದ ಕಡೆ ಹೋದ. ಮೂರು ದಿನ ಕಳೆಯಿತು. ನಾಲ್ಕನೆಯ ದಿನ ಸಂಜೆ ಮಾಸ್ತರರೂ ಸುಂಕಪ್ಪನೂ ಬಯಲಿನ ಕಳೆ ಕೀಳುತ್ತಿದ್ದರು. ಗೋಪಮ್ಮ ಎಂದಿನ ಹಾಗೆ ಬಾವಿಯ ಹತ್ತಿರ ಬಂದು ಕುಳಿತಿದ್ದಳು. ಹಂಪಣ್ಣ ದಾರಿಯ ಮೇಲೆ ಬಂದು ನಿಂತ. ಬಯಲಿಗೆ ಕಾಲಿಡಲಿಲ್ಲ.

ಪಾರಿವಾಳಗಳು ಒಂದೊಂದೇ ಬಾವಿಗೆ ಇಳಿದವು. ಸದ್ದು ಎದ್ದಿತು. ಅದೇನೆಂದು ಈಗ ಅಲ್ಲಿದ್ದವರಿಗೆಲ್ಲ ಗೊತ್ತಿತ್ತು. ಆದರೂ ಕಳೆ ಕೀಳುವ ಕೈಗಳು ನಿಂತವು.

"ಬರ್ರಿ ಗೌಡ್ರ," ಎಂದಳು ಗೋಪಮ್ಮ, ತಿರುಗಿ ನೋಡದೆ. "ನನ್ನ ಮಗನ್ನ ಯಾವ ದೆವ್ವ ಎಳೀತು, ಇವತ್ತು ಹೇಳ್ರಿ."

ಹಂಪಣ್ಣ ನಿಧಾನಕ್ಕೆ ನಡೆದು ಬಂದ. ಬಾವಿಯಿಂದ ಐದು ಹೆಜ್ಜೆ ದೂರಕ್ಕೆ ನಿಂತ.

"ದೆವ್ವ ಇಲ್ಲ ಗೋಪವ್ವ." ಅವನು ಬಾವಿಯ ಬಾಯಿ ನೋಡುತ್ತ ಹೇಳಿದ. "ಅವ ಕೂಗಲಿಲ್ಲ. ಒಂದು ಕೈಲೆ ಬಾವಿ ಗ್ವಾಡಿ ಕಲ್ಲು ಹಿಡಕೊಂಡಿದ್ದ. ಇನ್ನೊಂದು ಕೈ ಮ್ಯಾಲ ಎತ್ತಿದ್ದ. ಎಲ್ಲಾರಿಗಿಂತ ನಾನ ಹತ್ರ ಇದ್ದೆ. ಬಗ್ಗಿದ್ರ ಸಿಗತಿತ್ತು. ಬಗ್ಗಿದೆ ಕೂಡ. ಒಂದು ಗೇಣು ಇತ್ತು ನಡುವ. ಕೈ ಕೊಡಲಿಲ್ಲ ನಾನು. ಹಗ್ಗ ತರ್ರಿ ಅಂದೆ. ಹುಡುಗುರು ಹಗ್ಗ ತರಾಕ ಊರಿಗಿ ಓಡಿದ್ರು. ಅವರು ಬರೋದ್ರೊಳಗ ಅವನ ಕೈ ಜಾರಿತು. ಅಲ್ಲಿತನ ಅವ ನನ್ನ ಮಾರಿ ನೋಡಲಿಲ್ಲ. ನನ್ನ ಕೈನ ನೋಡಾಕತ್ತಿದ್ದ."

ಹಂಪಣ್ಣ ತನ್ನ ಬಲಗೈಯನ್ನೇ ನೋಡಿಕೊಂಡ.

"ಮುಟ್ಟಿದ್ರ ಏನಾಗತಿತ್ತು ಅಂತ ದಿನಾ ಕೇಳಿಕೊಂತೀನಿ. ಏನೂ ಆಗತಿದ್ದಿಲ್ಲ."

ಹಂಪಣ್ಣ ಗೋಪಮ್ಮನ ಕಾಲಿಗೆ ಬಗ್ಗಿದ. ಅವಳು ಥಟ್ಟನೆ ಎದ್ದು ಸರಿದಳು.

"ಬ್ಯಾಡ. ಕಾಲು ಬ್ಯಾಡ. ನನ್ನ ಸಣ್ಣ ಮಗ ನಾಳೆ ಆಟಕ್ಕ ಬರತಾನ. ಅವ ಬಂದ್ರ ಅವನ್ನ ಹಿಡೀರಿ. ನನಗ ಅಷ್ಟ ಸಾಕು."

ಮೊದಲು ಬಾವಿಗೆ ಕಟ್ಟೆ ಆಗಬೇಕೆಂದು ಮಾಸ್ತರರು ಹಟ ಹಿಡಿದರು. ಹಂಪಣ್ಣನ ಬಂಡಿಯಲ್ಲಿ ಕಲ್ಲು ಬಂದವು. ಊರವರೂ ಕೇರಿಯವರೂ ಸೇರಿ ಸೊಂಟದೆತ್ತರ ಗೋಡೆ ಎಬ್ಬಿಸಿದರು. ಆರನೆಯ ದಿನ ಸುಣ್ಣದ ಗೆರೆ ಬಿತ್ತು. ನೋಡಲು ಜನ ಬಂದರು, ಆದರೆ ದೂರದಲ್ಲೇ ನಿಂತರು. ಒಂದು ಕಡೆ ಊರವರು, ಒಂದು ಕಡೆ ಕೇರಿಯವರು.

ಹಂಪಣ್ಣನ ಮಗ ಮುದುಕಪ್ಪ ಒಂದು ಪಾಳೆಯದ ನಾಯಕ. ಸುಂಕಪ್ಪ ಎದುರು ಪಾಳೆಯದವನು. ಮಾಸ್ತರರು ಸೀಟಿ ಊದಿದರು. ಸುಂಕಪ್ಪ ನೆಲ ಮುಟ್ಟಿ ನಮಸ್ಕರಿಸಿ, ಉಸಿರು ಎಳೆದುಕೊಂಡು ಗೆರೆ ದಾಟಿದ.

"ಕಬಡ್ಡಿ ಕಬಡ್ಡಿ ಕಬಡ್ಡಿ..."

ಮುದುಕಪ್ಪನ ಕಡೆಯವರು ಹಿಂದೆ ಸರಿದರು. ಸುಂಕಪ್ಪ ಮುಂದೆ ಬಂದ. ಅವರು ಇನ್ನೂ ಸರಿದರು. ಹಿಡಿಯಬೇಕೆಂದು ಅವರಿಗೆ ಗೊತ್ತಿತ್ತು, ಹಿಡಿಯುತ್ತೇವೆಂದು ಒಪ್ಪಿಯೂ ಇದ್ದರು. ಆದರೆ ಹುಟ್ಟಿದಾಗಿನಿಂದ ಸರಿದು ರೂಢಿಯಾದ ಕಾಲುಗಳು ಮಾತು ಕೇಳಲಿಲ್ಲ. ಒಬ್ಬ ಕೈ ಮುಂದೆ ಮಾಡಿ ಮತ್ತೆ ಎಳೆದುಕೊಂಡ. ಹೊತ್ತು ಇಳಿಯುತ್ತಿತ್ತು. ಬಾವಿಯಿಂದಲೂ ಸದ್ದು ಏಳತೊಡಗಿತು. ಸುಂಕಪ್ಪನ ಉಸಿರು ಯಾವುದು, ಆ ಸದ್ದು ಯಾವುದು ತಿಳಿಯದಾಯಿತು. ನೋಡುತ್ತಿದ್ದವರೆಲ್ಲ ಕಲ್ಲಿನ ಹಾಗೆ ನಿಂತಿದ್ದರು. ಹುಡುಗರು ಹಿಂದಿನ ಗೆರೆಯವರೆಗೆ ಸರಿದರು. ಸುಂಕಪ್ಪ ಇನ್ನೂ ಉಸಿರು ಬಿಟ್ಟಿರಲಿಲ್ಲ.

"ಹಿಡೀರಿ!" ಎಂದು ಗೋಪಮ್ಮ ಚೀರಿದಳು. "ಹಿಡೀರಲೇ ಅವನ್ನ!"

ಹಿಡಿದವನು ಹಂಪಣ್ಣ. ಅವನು ಆಟಗಾರನೇ ಅಲ್ಲ, ಐವತ್ತು ದಾಟಿದವನು. ರುಮಾಲು ಬಿದ್ದದ್ದೂ ಲಕ್ಷ್ಯವಿಲ್ಲದೆ ಓಡಿಬಂದು ಸುಂಕಪ್ಪನ ಸೊಂಟವನ್ನು ಎರಡೂ ಕೈಗಳಿಂದ ತಬ್ಬಿಕೊಂಡ. ಇಬ್ಬರೂ ಧೊಪ್ಪನೆ ಮಣ್ಣಿಗೆ ಬಿದ್ದರು. "ಬರ್ರಿಲೇ! ನಾ ಒಬ್ಬನ ಎಷ್ಟೊತ್ತು ಹಿಡೀಲಿ!" ಎಂದು ಹಂಪಣ್ಣ ಕೂಗಿದ. ಮೊದಲು ಮುದುಕಪ್ಪ ಅವರ ಮೇಲೆ ಬಿದ್ದ, ಆಮೇಲೆ ಉಳಿದವರು. ಆ ರಾಶಿಯ ಅಡಿಯಿಂದ ಸುಂಕಪ್ಪ ಜೋರಾಗಿ ಉಸಿರು ಬಿಟ್ಟ. ಬಿಟ್ಟು, ನಕ್ಕ.

ಗೋಪಮ್ಮ ಅಲ್ಲೇ ಕುಸಿದು ಕುಳಿತು ಅತ್ತಳು. ಮಹಾಂತಮ್ಮ ಊರವರ ಗುಂಪಿನಿಂದ ನಡೆದುಬಂದು ಅವಳ ಬೆನ್ನ ಮೇಲೆ ಕೈಯಿಟ್ಟು ಕುಳಿತಳು. ಹಾಗೆ ಆ ಕಡೆಯವರು ಈ ಕಡೆಗೆ ಬಂದದ್ದು ಅದೇ ಮೊದಲು.

ಒಂದೇ ದಿನಕ್ಕೆ ಎಲ್ಲ ಸರಿಹೋಯಿತು ಎಂದರೆ ಸುಳ್ಳಾಗುತ್ತದೆ. ಊರಿನ ಎರಡು ಮನೆಯವರು ತಮ್ಮ ಮಕ್ಕಳನ್ನು ಆಟದಿಂದ ಬಿಡಿಸಿದರು. ಹಂಪಣ್ಣ ಇಬ್ಬರ ಮನೆಗೂ ಹೋಗಿ ಕುಳಿತ. ಬಾವಿಯ ಹತ್ತಿರ ಹೇಳಿದ ಮಾತನ್ನು ಅಲ್ಲಿಯೂ ಹೇಳಿದ. ಒಂದು ಮನೆಯವರು ಮಗನನ್ನು ಮರಳಿ ಕಳಿಸಿದರು. ಇನ್ನೊಂದು ಮನೆಯವರು ಕಳಿಸಲೇ ಇಲ್ಲ.

ಮಾನ್ವಿಯಲ್ಲಿ ತಂಡ ಮೊದಲ ಪಂದ್ಯ ಗೆದ್ದಿತು, ಎರಡನೆಯದನ್ನು ಎರಡು ಅಂಕದಿಂದ ಸೋತಿತು. ಮರಳುವಾಗ ಎಲ್ಲರೂ ದಾರಿಯ ಒಂದು ಹೋಟೆಲಿನಲ್ಲಿ ಚಹಾಕ್ಕೆ ನಿಂತರು. ಹೋಟೆಲಿನವನು ಊರು ಕೇಳಿದ, ಹೆಸರು ಕೇಳಿದ. ಆಮೇಲೆ ನಾಲ್ಕು ಗ್ಲಾಸನ್ನು ಬೇರೆ ತೆಗೆದು ಹೊರಗಿನ ಕಲ್ಲಿನ ಮೇಲಿಟ್ಟ.

ಮುದುಕಪ್ಪ ಕೈಯಲ್ಲಿದ್ದ ತನ್ನ ಗ್ಲಾಸನ್ನು ನೋಡಿದ. ಕುಡಿಯದೆ ಕೆಳಗಿಟ್ಟ.

"ಎಲ್ಲಾರಿಗಿ ಒಂದ ನಮೂನಿ ಗ್ಲಾಸ್ ಕೊಡ್ತೀರೇನ್ರಿ?"

"ಅದು ಆಗಂಗಿಲ್ಲಪಾ."

"ಹಂಗಾರ ನಮ್ಮ ತಂಡಕ್ಕ ಚಹಾ ಬ್ಯಾಡ್ರಿ."

ಮಾಸ್ತರರೂ ಸೇರಿ ಒಂಬತ್ತು ಜನವೂ ಎದ್ದು ಬಸ್ ನಿಲ್ದಾಣದ ನಳದ ನೀರು ಕುಡಿದು ಬಸ್ಸು ಹತ್ತಿದರು. ಒಬ್ಬರೂ ಗೊಣಗಲಿಲ್ಲ. "ಆ ಹುಡುಗುರು ನಮ್ಮ ತಂಡ ಅಂದದ್ದು ಅವತ್ತ ಮೊದಲು ಕೇಳಿದೆ," ಎಂದು ಮಾಸ್ತರರು ಈಗಲೂ ಹೇಳುತ್ತಾರೆ. ಮರುವರ್ಷ ನಾಯಕನನ್ನು ಆರಿಸಲು ಹುಡುಗರೇ ಕೈ ಎತ್ತಿದರು. ಎಲ್ಲ ಕೈಗಳೂ ಸುಂಕಪ್ಪನ ಹೆಸರಿಗೆ ಎದ್ದವು. ಮೊದಲ ಕೈ ಮುದುಕಪ್ಪನದು.

ಇದನ್ನು ಓದುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ಊರಲ್ಲೂ ಒಂದು ಬಯಲಿರಬಹುದು. ಇಂದು ಸಂಜೆ ಅಲ್ಲಿಗೆ ಹೋಗಿ ಸ್ವಲ್ಪ ಹೊತ್ತು ನಿಂತು ನೋಡಿ. ಯಾರು ಆಡುತ್ತಿದ್ದಾರೆ? ಯಾವ ಓಣಿಯ ಮಕ್ಕಳು ಬಂದಿಲ್ಲ? ಬಂದವರಲ್ಲಿ ಯಾರನ್ನು ಅಂಚಿಗೆ ನಿಲ್ಲಿಸಿದ್ದಾರೆ? ಹೆಣ್ಣುಮಕ್ಕಳಿಗೆ ಆಡಲು ಜಾಗವಿದೆಯೇ? ಕುಡಿಯುವ ನೀರಿನ ಕೊಡ ಎಲ್ಲರಿಗೂ ಒಂದೇಯೋ? ಹತ್ತಿರದಲ್ಲಿ ತೆರೆದ ಬಾವಿಯಿದ್ದರೆ ನಾಳೆಯೇ ಕಟ್ಟೆ ಕಟ್ಟಿಸಿ. ಊರಲ್ಲಿ ಈಜು ಬಲ್ಲವರು ಎಲ್ಲ ಮಕ್ಕಳಿಗೂ ಈಜು ಕಲಿಸಿ, ಯಾರನ್ನೂ ಬಿಡಬೇಡಿ. ನಾಯಕ ಯಾರೆಂದು ಆಡುವವರೇ ಆರಿಸಲಿ.

ಮನೆಗೆ ಬಂದ ಮೇಲೆ ನಿಮ್ಮ ಮಗನನ್ನೋ ಮಗಳನ್ನೋ ಕರೆದು ಹೇಳಿ: "ನಾಳೆ ಆಡಲು ಹೋಗುವಾಗ ಯಾರನ್ನೂ ಬಿಟ್ಟು ಹೋಗಬೇಡ, ಕೈ ಹಿಡಿದು ಕರೆದುಕೊಂಡು ಹೋಗು." ನೀವು ಹೇಳಿದರೆ ಅವರು ಕೇಳುತ್ತಾರೆ.